ತೇಬಿ ಚರ್ಚಿನ ಚಿತ್ರಗಳು

ತೇಬಿ, ಸ್ವೀಡನ್



ಸ್ಟಾಕ್‌ಹೋಮ್‌ನ ಉತ್ತರಕ್ಕಿರುವ ತೇಬಿಯ ಚರ್ಚು 13ನೆಯ ಶತಮಾನದ ಉತ್ತರಾರ್ಧದ್ದು. ಈ ಸೀಮೆಗೆ ಕ್ರೈಸ್ತಧರ್ಮ ಬಂದದ್ದು ಮಾತ್ರ ಅದಕ್ಕೂ ಮೊದಲೇ. 11ನೆಯ ಶತಮಾನದಲ್ಲಿ ಯಾರ್ಲಬಾಂಕೆ ಎಂಬ ಪ್ರಬಲ ಜಮೀನುದಾರ ತೇಬಿಯಲ್ಲಿ ಏರುದಾರಿಯೊಂದನ್ನು ಕಟ್ಟಿಸಿ ರೂನ್ ಲಿಪಿಯ ಕಲ್ಲುಗಳನ್ನು ನೆಡಿಸಿದ. ಬದುಕಿರುವಾಗಲೇ ತನ್ನ ನೆನಪಿಗೆ ಅವನ್ನು ನಿಲ್ಲಿಸಿದನೆಂದೂ, ದಾರಿಯನ್ನು ತನ್ನ ಆತ್ಮದ ಸದ್ಗತಿಗಾಗಿ ಮಾಡಿಸಿದನೆಂದೂ, ಇಡೀ ತೇಬಿ ತನ್ನೊಬ್ಬನದೇ ಎಂದೂ ಶಾಸನ ಸಾರುತ್ತದೆ.

ಚರ್ಚಿನ ದಪ್ಪ ಗೋಡೆಗಳು ಕಾಡುಗಲ್ಲಿನವು. ಮೊದಲಿದ್ದ ಮರದ ಚಾವಣಿ ಹೋಗಿ 15ನೆಯ ಶತಮಾನದಲ್ಲಿ ಇಟ್ಟಿಗೆಯ ಕಮಾನು ಚಾವಣಿ ಬಂತು. ಒಂದೊಂದು ಕಮಾನಿನ ಅಂಕಣವೂ ಬಾಗಿದ ತ್ರಿಕೋನಗಳಾಗಿ ಒಡೆದುಕೊಳ್ಳುತ್ತದೆ. ಸುಣ್ಣ ಬಳಿದ ಆ ಹರವುಗಳೇ ಚಿತ್ರಕಾರನಿಗೆ ಸಿಕ್ಕ ಜಾಗ.

1480ರ ದಶಕದಲ್ಲಿ ಅವುಗಳನ್ನು ತುಂಬಿದವನು ಆಲ್ಬರ್ಟಸ್ ಪಿಕ್ಟರ್. ಜರ್ಮನಿಯ ಹೆಸ್ಸೆ ಪ್ರಾಂತದ ಇಮ್ಮೆನ್‌ಹೌಸೆನ್ ಊರಿನವನಾದ ಈತ 1465ರಲ್ಲಿ ಸ್ವೀಡನ್ನಿನ ಅರ್ಬೂಗ ಪಟ್ಟಣದ ಪೌರನಾದ. 1473ರಲ್ಲಿ ಸ್ಟಾಕ್‌ಹೋಮ್‌ನ ಚಿತ್ರಕಾರನೊಬ್ಬನ ವಿಧವೆಯನ್ನು ಮದುವೆಯಾಗಿ ಅಲ್ಲಿನ ಕಾರ್ಯಾಗಾರವನ್ನು ವಹಿಸಿಕೊಂಡ. ಮುತ್ತಿನ ಕಸೂತಿಯಲ್ಲೂ ಹೆಸರು ಮಾಡಿದ್ದ ಅವನ ಕಾರ್ಯಾಗಾರದಲ್ಲಿ ಪಾದ್ರಿಗಳ ಪೂಜಾವಸ್ತ್ರಗಳೂ ಸಿದ್ಧವಾಗುತ್ತಿದ್ದವು. 1509ರ ಸುಮಾರಿಗೆ ಅವನು ತೀರಿಕೊಂಡ. ಅವನದೆಂದು ಗುರುತಿಸಲಾದ ಭಿತ್ತಿಚಿತ್ರಗಳು ಮಧ್ಯ ಸ್ವೀಡನ್ನಿನ ಮೂವತ್ತಕ್ಕೂ ಹೆಚ್ಚು ಚರ್ಚುಗಳಲ್ಲಿವೆ.

ಅವನ ಮೇಳ ಒಣಗಿದ ಸುಣ್ಣದ ಗಾರೆಯ ಮೇಲೆ ಮೊದಲು ರೇಖೆ ಎಳೆದು, ಆಮೇಲೆ ಬಣ್ಣ ತುಂಬುತ್ತಿತ್ತು. ಮತ್ತೆ ಮತ್ತೆ ಬರುವ ಹೂವಿನ ಅಲಂಕಾರಕ್ಕೆ ಅಚ್ಚು ಬಳಸುತ್ತಿದ್ದರು. ಸೀಸ ಬೆರೆತ ಬಣ್ಣಗಳು ಕಾಲಾಂತರದಲ್ಲಿ ರಾಸಾಯನಿಕವಾಗಿ ಮಾರ್ಪಟ್ಟಿದ್ದರಿಂದ ಅವನ ಎಷ್ಟೋ ಚಿತ್ರಗಳಲ್ಲಿ ಮುಖಗಳು ಇಂದು ಕಪ್ಪಾಗಿ ಕಾಣುತ್ತವೆ.

ಚಿತ್ರಗಳ ಯೋಜನೆಗೆ ಮಾದರಿ ಸಿಕ್ಕಿದ್ದು ‘ಬಿಬ್ಲಿಯಾ ಪಾಪೆರುಮ್’ ಎಂಬ ಮರದಚ್ಚಿನ ಸಚಿತ್ರ ಗ್ರಂಥದಿಂದ. ಕ್ರಿಸ್ತನ ಬದುಕಿನ ಪ್ರತಿ ಘಟನೆಯ ಪಕ್ಕದಲ್ಲೂ ಅದನ್ನು ಮುನ್ಸೂಚಿಸುವ ಹಳೆಯ ಒಡಂಬಡಿಕೆಯ ಕಥೆಗಳನ್ನು ಇಡುವುದು ಅದರ ಕ್ರಮ. ದೊಡ್ಡ ಮೀನಿನ ಹೊಟ್ಟೆಯಿಂದ ಹೊರಬಂದ ಯೋನ ಕ್ರಿಸ್ತನ ಪುನರುತ್ಥಾನಕ್ಕೆ ಜೋಡಿಯಾಗುತ್ತಾನೆ. ಮೋಶೆ ಎತ್ತಿ ನಿಲ್ಲಿಸಿದ ಕಂಚಿನ ಸರ್ಪ ಶಿಲುಬೆಗೆ ಜೋಡಿಯಾಗುತ್ತದೆ. ಪೂಜೆಯ ಭಾಷೆ ಲ್ಯಾಟಿನ್, ರೈತರಿಗೆ ಓದು ಬಾರದು. ಹಾಗಾಗಿ ಚಿತ್ರಗಳೊಳಗಿನ ಲ್ಯಾಟಿನ್ ಬರಹದ ಪಟ್ಟಿಗಳು ಪಾದ್ರಿಯ ಓದಿಗೆ, ಆಕೃತಿಗಳು ಎಲ್ಲರ ನೋಟಕ್ಕೆ ಒದಗುತ್ತಿದ್ದವು.

ಬೈಬಲ್ಲಿನ ಕಥೆಗಳ ಜೊತೆಗೆ ಲೋಕನೀತಿಯ ಚಿತ್ರಗಳೂ ಇವೆ. ಇದೇ ಚಿತ್ರಕಾರ ಹೆರ್ಕೆಬೆರ್ಯ ಚರ್ಚಿನಲ್ಲಿ ಅದೃಷ್ಟಚಕ್ರವನ್ನು ಬರೆದಿದ್ದಾನೆ: ಚಕ್ರ ತಿರುಗಿದಂತೆ ಮೇಲೇರಿದವನು ಕೆಳಗುರುಳುತ್ತಾನೆ. ತೇಬಿಯಲ್ಲಿ ಅದೇ ನೀತಿ ಇನ್ನೂ ನಿಷ್ಠುರ. ಅಲ್ಲಿ ಒಬ್ಬ ಮನುಷ್ಯ ಮೃತ್ಯುವಿನೊಡನೆ ಚದುರಂಗ ಆಡುತ್ತಿದ್ದಾನೆ. ಭಾರತದಲ್ಲಿ ಹುಟ್ಟಿ, ಪರ್ಷಿಯನ್ನರ ಮತ್ತು ಅರಬರ ಕೈದಾಟಿ ಯುರೋಪು ಸೇರಿದ್ದ ಈ ಆಟ ಅಲ್ಲಿ ಸಿರಿವಂತರ ವಿನೋದವೆನಿಸಿತ್ತು. ರಾಜ, ಮಂತ್ರಿ, ಕಾಲಾಳು ಎಲ್ಲರೂ ಕೊನೆಗೆ ಹಲಗೆ ಬಿಟ್ಟು ಇಳಿಯಲೇಬೇಕು ಎಂಬ ಬೋಧನೆಗೆ ಅದಕ್ಕಿಂತ ಒಪ್ಪುವ ರೂಪಕ ಸಿಗುವುದು ಕಷ್ಟ. 1350ರಲ್ಲಿ ಸ್ವೀಡನ್ ಹೊಕ್ಕ ಮಹಾಮಾರಿ ಪ್ಲೇಗ್ ಆಮೇಲೂ ಮರುಕಳಿಸುತ್ತಿದ್ದ ನಾಡಿನಲ್ಲಿ ಆ ಬೋಧನೆಗೆ ಬೇರೆ ವಿವರಣೆ ಬೇಕಿರಲಿಲ್ಲ.

1527ರಲ್ಲಿ ದೊರೆ ಗುಸ್ತಾವ್ ವಾಸಾ ವೆಸ್ಟರೋಸ್ ಸಭೆಯ ಮೂಲಕ ಚರ್ಚಿನ ಆಸ್ತಿಗೆ ಕೈಹಾಕಿದ. ಕ್ರಮೇಣ ನಾಡು ಲೂಥರ್ ಮತಕ್ಕೆ ತಿರುಗಿತು. ಆದರೂ ಯುರೋಪಿನ ಕೆಲವೆಡೆ ನಡೆದಂಥ ವಿಗ್ರಹಭಂಜನೆ ಸ್ವೀಡನ್ನಿನಲ್ಲಿ ವ್ಯಾಪಕವಾಗಲಿಲ್ಲ. ಮುಂದೆ, ಮುಖ್ಯವಾಗಿ 18ನೆಯ ಶತಮಾನದಲ್ಲಿ, ಅಭಿರುಚಿ ಬದಲಾಗಿ ಹಲವು ಚರ್ಚುಗಳ ಚಿತ್ರಗಳು ಸುಣ್ಣದಡಿ ಸೇರಿದವು. ಅವುಗಳಲ್ಲಿ ಎಷ್ಟನ್ನೋ ನಂತರದ ಕಾಲದ ತಜ್ಞರು ಕೆರೆದು ಬಿಡಿಸಬೇಕಾಯಿತು.

ತೇಬಿಯ ಚದುರಂಗದ ಚಿತ್ರಕ್ಕೆ 20ನೆಯ ಶತಮಾನದಲ್ಲಿ ಜಗತ್ತಿನ ತುಂಬ ನೋಡುಗರು ಸಿಕ್ಕಿದರು. ಪಾದ್ರಿಯ ಮಗನಾದ ನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್ 1957ರ ‘ದಿ ಸೆವೆಂತ್ ಸೀಲ್’ ಚಲನಚಿತ್ರದಲ್ಲಿ ಮೃತ್ಯುವಿನೊಡನೆ ಯೋಧನೊಬ್ಬನನ್ನು ಚದುರಂಗಕ್ಕೆ ಕೂರಿಸಿದ್ದು ಈ ಚಿತ್ರದ ಪ್ರೇರಣೆಯಿಂದಲೇ. ಚಲನಚಿತ್ರದ ಕಥೆ 14ನೆಯ ಶತಮಾನದ್ದು. ಆದರೂ ಅದರಲ್ಲಿ ಚರ್ಚಿನ ಗೋಡೆಗೆ ಚಿತ್ರ ಬರೆಯುತ್ತಿರುವ ಪಾತ್ರಕ್ಕೆ ನೂರು ವರ್ಷ ಆಮೇಲಿನ ಆಲ್ಬರ್ಟಸ್ ಪಿಕ್ಟರನ ಹೆಸರನ್ನೇ ಇಡಲಾಗಿದೆ.