ಕೋರ್ಟು ಬಿಟ್ಟ ಎಂದರೆ ಸರಿಯಲ್ಲ

ಕಳೆದ ಮಳೆಗಾಲದ ಒಂದು ಭಾನುವಾರ. ಅಡಿಕೆಗೆ ಎರಡನೇ ಸಲ ಮದ್ದು ಬಿಡುವವರು ಬಂದು ಅಂಗಳದಲ್ಲಿ ಮೈಲುತುತ್ತು, ಸುಣ್ಣ ಕಲಸುತ್ತಿದ್ದರು. ಆ ಹೊತ್ತಿಗೆ ಅಕ್ಕನ ಮಗ ಸುಳ್ಯದಿಂದ ಬಂದ. ಎಂಟು ವರ್ಷದಿಂದ ಪುತ್ತೂರು, ಸುಳ್ಯ ಎರಡೂ ಕಡೆ ವಕೀಲಿಕೆ ಮಾಡಿಕೊಂಡಿದ್ದವ. ಕಾಫಿ ಕುಡಿದ, ಮಳೆ ನೋಡಿದ, ಮತ್ತೆ ಮೆಲ್ಲ ಹೇಳಿದ: "ಮಾವ, ನಾನು ಕೋರ್ಟು ಬಿಡ್ತೇನೆ. ಬೆಂಗಳೂರಿಗೆ ಹೋಗಿ ಧಾರಾವಾಹಿಗೆ ಬರೆಯುವಾ ಅಂತ ಉಂಟು. ಕೆಲಸ ಕಲಿತ ಮೇಲೆ ನಾನೇ ಒಂದು ನಿರ್ಮಾಣ ಮಾಡಬೇಕು."

ಸಂಜೆಗೆ ಅಕ್ಕನ ಫೋನು. "ನೀನಾದ್ರೂ ಅವನಿಗೆ ಬುದ್ಧಿ ಹೇಳು ಮಾರಾಯ. ಅಷ್ಟು ಓದಿಸಿದ್ದೆಲ್ಲ ನೀರಲ್ಲಿ ಹೋಮ ಮಾಡಿದ ಹಾಗಾಯ್ತಲ್ಲ." ಅವಳ ಸಂಕಟ ನನಗೆ ಅರ್ಥವಾಗುತ್ತದೆ. ನಮ್ಮ ಕಾಲದಲ್ಲಿ ಕಾನೂನು ಓದಬೇಕಾದರೆ ಉಡುಪಿಗೋ ಮಂಗಳೂರಿಗೋ ಹೋಗಬೇಕಿತ್ತು. ಈಗ ಪುತ್ತೂರಿನಲ್ಲಿ ವಿವೇಕಾನಂದ, ಸುಳ್ಯದಲ್ಲಿ ಕೆವಿಜಿ ಕಾನೂನು ಕಾಲೇಜುಗಳಿವೆ. ಹಾಗೆಂದು ಹಳ್ಳಿಯ ಮನೆಯೊಂದರಿಂದ ಕರಿಕೋಟು ಹೊರಡುವುದು ಇವತ್ತಿಗೂ ಸಣ್ಣ ಸಂಗತಿಯಲ್ಲ. ಅದರ ಹಿಂದೆ ಎಷ್ಟೋ ವರ್ಷದ ಅಡಿಕೆ ಫಸಲು ಇರುತ್ತದೆ.

ಆದರೂ ನಾನು ಅವನಿಗೆ ಬುದ್ಧಿ ಹೇಳಲಿಲ್ಲ. ಯಾಕೆ ಹೇಳಲಿಲ್ಲ ಎಂಬುದನ್ನು ಅಕ್ಕನಿಗೆ ಫೋನಿನಲ್ಲಿ ವಿವರಿಸಲು ಆಗಲಿಲ್ಲ. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ಕರಿಕೋಟು ಕಳಚಿ ಬೇರೆ ಅಂಗಿ ಹಾಕಿಕೊಳ್ಳುವುದು ನಮ್ಮಲ್ಲಿ ಹೊಸತೇನಲ್ಲ. ಸುಳ್ಯದ ಮಂಡೆಕೋಲಿನ ಡಿ.ವಿ. ಸದಾನಂದ ಗೌಡರು ಉಡುಪಿಯ ವೈಕುಂಠ ಬಾಳಿಗಾ ಕಾಲೇಜಿನಲ್ಲಿ ಕಾನೂನು ಓದಿದವರು, ಇಲ್ಲಿ ವಕೀಲಿಕೆ ಮಾಡಿದವರು. ಆಮೇಲೆ ರಾಜಕೀಯಕ್ಕೆ ಹೋದರು, 2011ರಲ್ಲಿ ಮುಖ್ಯಮಂತ್ರಿಯೂ ಆದರು. ಆ ದಾರಿ ಎಲ್ಲರಿಗೂ ಪರಿಚಿತ. ಯಾರೂ ಅದನ್ನು ನೀರಲ್ಲಿ ಮಾಡಿದ ಹೋಮ ಎನ್ನುವುದಿಲ್ಲ. ಕಥೆ ಬರೆಯಲು ಹೊರಟರೆ ಮಾತ್ರ ಮನೆಯವರಿಗೆ ನಿದ್ದೆ ಬರುವುದಿಲ್ಲ.

ಕನ್ನಡದಲ್ಲಿ ಈ ದಾರಿಯನ್ನು ಸವೆಸಿ ತೋರಿಸಿದವರು ಟಿ.ಎನ್. ಸೀತಾರಾಮ್. ವೃತ್ತಿಯಿಂದ ವಕೀಲರು, ಒಲವಿನಿಂದ ನಾಟಕಕಾರರು. 'ಆಸ್ಫೋಟ', 'ನಮ್ಮೊಳಗೊಬ್ಬ ನಾಜೂಕಯ್ಯ' ಬರೆದರು, 1976ರಲ್ಲಿ ಲಂಕೇಶರ 'ಪಲ್ಲವಿ'ಯಲ್ಲಿ ನಟಿಸಿದರು, ಪುಟ್ಟಣ್ಣ ಕಣಗಾಲರ ಒಡನಾಟದಲ್ಲಿ ಸಿನಿಮಾದ ಕೆಲಸ ಕಲಿತರು. 1998ರಲ್ಲಿ ದೂರದರ್ಶನದ ಚಂದನದಲ್ಲಿ 'ಮಾಯಾಮೃಗ' ಬಂತು. ಪಿ. ಶೇಷಾದ್ರಿ, ನಾಗೇಂದ್ರ ಶಾ ಅವರೊಂದಿಗೆ ಸೇರಿ ನಿರ್ದೇಶಿಸಿದ್ದು. ಆಮೇಲೆ 'ಮನ್ವಂತರ', 'ಮುಕ್ತ', 'ಮುಕ್ತ ಮುಕ್ತ', 2018ರಲ್ಲಿ 'ಮಗಳು ಜಾನಕಿ'. 'ಮಾಯಾಮೃಗ' ಬರುವ ಹೊತ್ತಿಗೆ ನಮ್ಮ ಬೈಲಿನಲ್ಲಿ ಟಿವಿ ಇದ್ದದ್ದು ಎರಡೇ ಮನೆಯಲ್ಲಿ. ಕರೆಂಟು ಹೋಗದಿರಲಿ ಎಂದು ದೇವರಿಗೆ ಕೈಮುಗಿದೇ ಜನ ಆ ಎರಡು ಮನೆಗಳ ಚಾವಡಿಯಲ್ಲಿ ಸೇರುತ್ತಿದ್ದರು.

ಸೀತಾರಾಮರ ಕೋರ್ಟು ದೃಶ್ಯಗಳನ್ನು ನೆನಪಿಸಿಕೊಳ್ಳಿ. ಸಿ.ಎಸ್.ಪಿ. ಎಂಬ ವಕೀಲನಾಗಿ ಅವರೇ ನಿಂತು ವಾದಿಸುವಾಗ ಮನೆಮಂದಿಯೆಲ್ಲ ಉಸಿರು ಬಿಗಿಹಿಡಿದು ನೋಡುತ್ತಿದ್ದೆವಲ್ಲ, ಅದರ ಗುಟ್ಟು ಅವರ ದನಿಯಲ್ಲಿ ಮಾತ್ರ ಇರಲಿಲ್ಲ. ಎದುರು ವಕೀಲನಿಗೂ ಅವರು ಗಟ್ಟಿಯಾದ ಮಾತು ಬರೆದುಕೊಡುತ್ತಿದ್ದರು. ಅವನ ವಾದ ಕೇಳುವಾಗ 'ಇವನು ಹೇಳುವುದರಲ್ಲೂ ಸತ್ಯ ಉಂಟಲ್ಲ' ಅನ್ನಿಸಬೇಕು. ಅನ್ನಿಸುತ್ತಿತ್ತು ಕೂಡ. ಈಗಿನ ಎಷ್ಟೋ ಧಾರಾವಾಹಿಗಳಲ್ಲಿ ನ್ಯಾಯಾಧೀಶರು ಸುತ್ತಿಗೆ ಬಡಿಯುತ್ತಾರೆ, ಸಾಕ್ಷಿ ಭಗವದ್ಗೀತೆ ಮುಟ್ಟುತ್ತಾನೆ, ಬೆಳಿಗ್ಗೆ ಶುರುವಾದ ಕೇಸಿಗೆ ಮಧ್ಯಾಹ್ನ ತೀರ್ಪು ಬರುತ್ತದೆ. ನಮ್ಮ ಕೋರ್ಟುಗಳಲ್ಲಿ ಸುತ್ತಿಗೆಯೂ ಇಲ್ಲ, ಗ್ರಂಥ ಮುಟ್ಟಿಸುವ ಪದ್ಧತಿಯೂ ಇಲ್ಲ. ಒಂದು ದಿನವೂ ಕೋರ್ಟಿನ ಬೆಂಚಿನಲ್ಲಿ ಕೂತು ನೋಡದವರು ಬರೆದರೆ ಹಾಗಾಗುತ್ತದೆ. ನೋಡಿದವರು ಬರೆದರೆ ಬೇರೆಯೇ ಆಗುತ್ತದೆ.

ನಾನು ಕೂತಿದ್ದೇನೆ. ನಮ್ಮ ಜಾಗದ ಒಂದು ನಂಬ್ರ ಹನ್ನೊಂದು ವರ್ಷ ನಡೆಯಿತು, ಆದ್ದರಿಂದ ವಾಯಿದೆಗಳು ನನಗೆ ಹಬ್ಬಗಳಷ್ಟೇ ಬಾಯಿಪಾಠ. ಬೆಳಗಿನ ಬಸ್ಸಿನಲ್ಲಿ ಕಡಬದಿಂದ ಆಲಂಕಾರು, ಸವಣೂರು ದಾಟಿ ಪುತ್ತೂರಿಗೆ ಬರುವವರ ಪೈಕಿ ಕೋರ್ಟಿಗೆ ಹೋಗುವವರನ್ನು ನೋಡಿದ ಕೂಡಲೇ ಗುರುತಿಸಬಹುದು. ಇಸ್ತ್ರಿ ಹಾಕಿದ ಪಂಚೆ, ಪ್ಲಾಸ್ಟಿಕ್ ತೊಟ್ಟೆಯೊಳಗೆ ಸುತ್ತಿದ ಕಾಗದಪತ್ರ. ಆ ತೊಟ್ಟೆಯನ್ನು ಮಡಿಲಲ್ಲೇ ಇಟ್ಟುಕೊಳ್ಳುತ್ತಾರೆ, ಸೀಟಿನ ಮೇಲೆ ಇಡುವುದಿಲ್ಲ.

ಒಂದು ದಿನ ನಮ್ಮ ನಂಬ್ರ ಕರೆಯುವುದನ್ನು ಕಾಯುತ್ತಾ ಕೂತಿದ್ದಾಗ ಬೇರೆ ಯಾರದೋ ಪಾಲಿನ ದಾವೆಯಲ್ಲಿ ಒಬ್ಬ ಅಜ್ಜಿ ಸಾಕ್ಷಿಕಟ್ಟೆಗೆ ಬಂದರು. ಎಪ್ಪತ್ತು ದಾಟಿದ ಪ್ರಾಯ. ಪಾಟೀಸವಾಲು ನಡೆಯುತ್ತಿತ್ತು. ಗಡಿಯಲ್ಲಿದ್ದ ಹಲಸಿನ ಮರ ಯಾರ ಪಾಲಿಗೆ ಸೇರಿದ್ದು ಎಂದು ವಕೀಲರು ಕೇಳಿದರು. ಅಜ್ಜಿ ಕಟ್ಟೆಯ ಮರದ ಪಟ್ಟಿಯನ್ನು ಎರಡೂ ಕೈಯಲ್ಲಿ ಹಿಡಿದರು. ಎಡಗಡೆ ಬೆಂಚಿನಲ್ಲಿ ಕೂತಿದ್ದ ಮಗನನ್ನು ನೋಡಿದರು, ಬಲಗಡೆ ಕೂತಿದ್ದ ತಮ್ಮನ ಮಗನನ್ನು ನೋಡಿದರು. ಹೆಬ್ಬೆರಳಿನಿಂದ ಪಟ್ಟಿಯ ಮೇಲೆ ಏನನ್ನೋ ಒರೆಸಿದರು, ಅಲ್ಲಿ ಒರೆಸುವಂಥದ್ದು ಏನೂ ಇರಲಿಲ್ಲ. ಫ್ಯಾನು ತಿರುಗುವ ಶಬ್ದ ಕೇಳುವಷ್ಟು ಹೊತ್ತು ಸುಮ್ಮನಿದ್ದರು. ಕಡೆಗೆ ತುಳುವಿನಲ್ಲಿ ಎರಡೇ ಶಬ್ದ: "ಎಂಕ್ ಗೊತ್ತುಜ್ಜಿ." ಬೆರಳಚ್ಚಿನವರು ಕನ್ನಡದಲ್ಲಿ ಕುಟ್ಟಿದರು: ಸದರಿ ಮರ ಯಾರಿಗೆ ಸೇರಿದ್ದೆಂದು ನನಗೆ ಗೊತ್ತಿಲ್ಲ.

ಆ ಮರದ ಹಲಸಿನ ಹಣ್ಣನ್ನು ಬಹುಶಃ ಅರುವತ್ತು ವರ್ಷ ತಿಂದ ಜೀವ ಅದು. ಗೊತ್ತಿಲ್ಲದೆ ಇರುತ್ತದೆಯೇ? ಗೊತ್ತಿಲ್ಲ ಎಂಬ ಆ ಉತ್ತರದಲ್ಲಿ ಎರಡು ಮನೆಗಳನ್ನು ಕಾಪಾಡುವ ಪ್ರಯತ್ನ ಇತ್ತು. ಸಾಕ್ಷಿಯ ವರ್ತನೆ ಹೇಗಿತ್ತು ಎಂದು ನ್ಯಾಯಾಧೀಶರು ಟಿಪ್ಪಣಿ ಬರೆಯಲು ಕಾನೂನಿನಲ್ಲಿ ಅವಕಾಶವಿದೆ. ಹಾಗಿದ್ದರೂ ದಿನಕ್ಕೆ ಹತ್ತಾರು ಕೇಸು ನೋಡುವವರು ಒಂದು ಹೆಬ್ಬೆರಳಿನ ಮಾತನ್ನು ಎಲ್ಲಿ ಬರೆಯುವುದು? ಅದನ್ನು ಬರೆಯಲು ಕಥೆಗಾರನೇ ಬೇಕು. ಅಂಥದ್ದನ್ನು ಎಂಟು ವರ್ಷ, ವಾರಕ್ಕೆ ಐದು ದಿನ ಹತ್ತಿರ ನಿಂತು ನೋಡಿದವನಿಗಿಂತ ಒಳ್ಳೆಯ ಕಥೆಗಾರ ಎಲ್ಲಿ ಸಿಗುತ್ತಾನೆ?

ಕೋರ್ಟಿನ ಕನ್ನಡದಲ್ಲಿ ಒಂದು ವಾಕ್ಯರಚನೆ ಉಂಟು, ವಕೀಲರಿಗೆಲ್ಲ ಗೊತ್ತು. ಎದುರು ವಕೀಲ ಏನಾದರೂ ಸೂಚಿಸುತ್ತಾನೆ, ಸಾಕ್ಷಿ ನಿರಾಕರಿಸುತ್ತಾನೆ, ದಾಖಲಾಗುವುದು ಹೀಗೆ: "ನಾನು ಸುಳ್ಳು ಸಾಕ್ಷಿ ನುಡಿಯುತ್ತಿದ್ದೇನೆ ಎಂದರೆ ಸರಿಯಲ್ಲ." ಒಂದೇ ಉಸಿರಿನಲ್ಲಿ ಆರೋಪವೂ ಉಂಟು, ನಿರಾಕರಣೆಯೂ ಉಂಟು. ಎರಡು ದನಿಗಳನ್ನು ಒಂದೇ ವಾಕ್ಯದಲ್ಲಿ ಕೂರಿಸುವ ಈ ಕಲೆಗೆ ಸಂಭಾಷಣೆ ಬರೆಯುವವರು ಎಷ್ಟು ಬೆಲೆ ಕೊಟ್ಟರೂ ಕಡಿಮೆ.

ನಿಜ ಹೇಳಬೇಕೆಂದರೆ ಈ ಕಲೆ ನಮಗೆ ಕೋರ್ಟಿಗಿಂತ ಮೊದಲೇ ತಾಳಮದ್ದಳೆಯಿಂದ ಬಂದದ್ದು. ವೇಷವಿಲ್ಲ, ಕುಣಿತವಿಲ್ಲ. ಭಾಗವತರ ಪದ್ಯವಾದ ಮೇಲೆ ಇಬ್ಬರು ಅರ್ಥಧಾರಿಗಳು ಎದುರುಬದುರು ಕೂತು ಮಾತಿಗೆ ಮಾತು ಕಟ್ಟುತ್ತಾರೆ. ಬರೆದುಕೊಂಡು ಬಂದದ್ದಲ್ಲ, ಆಗಲೇ ಹುಟ್ಟುವ ಮಾತು. 'ವಾಲಿವಧೆ' ಪ್ರಸಂಗವೆಂದರೆ ಒಂದು ಮೊಕದ್ದಮೆಯೇ. ಬಾಣ ತಾಗಿ ಬಿದ್ದ ವಾಲಿ ಫಿರ್ಯಾದಿ, ಮರೆಯಲ್ಲಿ ನಿಂತು ಹೊಡೆದ ರಾಮ ಪ್ರತಿವಾದಿ. ಶೇಣಿ ಗೋಪಾಲಕೃಷ್ಣ ಭಟ್ಟರ ವಾಲಿಯನ್ನು ಕೇಳಿದ ಹಿರಿಯರು ಈಗಲೂ ಹೇಳುತ್ತಾರೆ, ಆ ರಾತ್ರಿ ರಾಮನ ಭಕ್ತರೂ ವಾಲಿಯ ಪಕ್ಷ ಸೇರಿದ್ದರು ಅಂತ. ಅರ್ಥಧಾರಿಯ ದೊಡ್ಡ ಗುಣವೇ ಇದು: ಇವತ್ತು ಕೃಷ್ಣ, ನಾಳೆ ಕೌರವ, ಯಾವ ಪಾತ್ರ ಬಂದರೂ ಅದರ ಪರವಾಗಿ ಪ್ರಾಮಾಣಿಕವಾಗಿ ನಿಲ್ಲಬೇಕು.

ಸುಳ್ಯ ತಾಲೂಕಿನ ಚೊಕ್ಕಾಡಿಯ ದೇರಾಜೆ ಸೀತಾರಾಮಯ್ಯನವರ ಹೆಸರನ್ನು ಇಲ್ಲಿ ಹೇಳದೆ ಮುಂದೆ ಹೋಗಲಾರೆ. ತಾಳಮದ್ದಳೆಯ ಮೇರು ಅರ್ಥಧಾರಿ. ಅವರು 'ಕುರುಕ್ಷೇತ್ರಕ್ಕೊಂದು ಆಯೋಗ' ಎಂಬ ಪುಸ್ತಕ ಬರೆದರು. ಯುದ್ಧ ಯಾಕಾಯಿತು, ತಪ್ಪು ಯಾರದ್ದು ಎಂದು ವಿಚಾರಿಸಲು ಆಯೋಗ ಕೂತರೆ ಮಹಾಭಾರತದವರು ಏನು ಹೇಳಿಕೆ ಕೊಟ್ಟಾರು? ಚೊಕ್ಕಾಡಿಯಂಥ ಹಳ್ಳಿಯವರೊಬ್ಬರು ವ್ಯಾಸರ ಕಥೆಯನ್ನು ವಿಚಾರಣೆಗೆ ತಂದರು! ಅಳಿಯನಿಗೆ ನಾನು ಆ ದಿನ ಮೊದಲು ಕೊಟ್ಟದ್ದು ಈ ಪುಸ್ತಕವನ್ನೇ. ಚಿತ್ರಕಥೆ ಬರೆಯುವುದನ್ನು ಕಲಿಸುವ ತರಗತಿಗೆ ಹೋಗುವ ಮೊದಲು ಇದನ್ನು ಎರಡು ಸಲ ಓದು ಎಂದೆ.

ಹೊರದೇಶದಲ್ಲೂ ಇಂಥವರಿದ್ದಾರೆ. ಅಮೆರಿಕದ ಡೇವಿಡ್ ಇ. ಕೆಲ್ಲಿ ಬಾಸ್ಟನ್ನಿನಲ್ಲಿ ವಕೀಲರಾಗಿದ್ದಾಗಲೇ ಒಂದು ಚಿತ್ರಕಥೆ ಬರೆದರು. ವಕೀಲರ ಬದುಕನ್ನೇ ವಸ್ತುವಾಗಿಸಿಕೊಂಡಿದ್ದ 'ಎಲ್.ಎ. ಲಾ' ಎಂಬ ಧಾರಾವಾಹಿ 1986ರಲ್ಲಿ ಶುರುವಾದಾಗ ಅದಕ್ಕೆ ಬರೆಯಲು ಕರೆ ಬಂತು. ಹೋದವರು ಮರಳಿ ಕೋರ್ಟಿಗೆ ಬರಲಿಲ್ಲ. 1999ರಲ್ಲಿ ಅವರ ನಿರ್ಮಾಣದ ಎರಡು ಧಾರಾವಾಹಿಗಳಿಗೆ ಒಂದೇ ಸಲ ಎಮ್ಮಿ ಪ್ರಶಸ್ತಿ ಬಂತು, ಗಂಭೀರ ವಿಭಾಗದಲ್ಲೊಂದು, ಹಾಸ್ಯದಲ್ಲೊಂದು. ಎರಡೂ ವಕೀಲರ ಕಥೆಗಳೇ. ಇಂಗ್ಲೆಂಡಿನ ಜಾನ್ ಮಾರ್ಟಿಮರ್ ಕೋರ್ಟು ಬಿಡದೆ ಬರೆದವರು. ಬೆಳಿಗ್ಗೆ ಬೇಗ ಎದ್ದು ಬರವಣಿಗೆ, ಆಮೇಲೆ ವಕಾಲತ್ತು. ಅವರ ರಂಪೋಲ್ ಎಂಬ ವಕೀಲ ಟಿವಿಯಲ್ಲಿ ವರ್ಷಗಟ್ಟಲೆ ಬದುಕಿದ.

"ಹಾಗಾದ್ರೆ ಎರಡೂ ಒಟ್ಟಿಗೆ ಮಾಡ್ಲಿಕ್ಕಾಗುದಿಲ್ವಾ?" ಎಂದು ಅಕ್ಕ ಕೇಳಿದಳು. ನಮ್ಮ ವಕೀಲರ ಪರಿಷತ್ತಿನ ನಿಯಮ ಹೇಳುವುದು ಹೀಗೆ: ಪೂರ್ಣಾವಧಿಯ ನೌಕರಿ ಅಲ್ಲದಿದ್ದರೆ ವಕೀಲ ಪತ್ರಿಕೆಗೆ ಬರೆಯಬಹುದು, ಪಾಠ ಮಾಡಬಹುದು, ಪ್ರಸಾರದ ಕೆಲಸದಲ್ಲೂ ತೊಡಗಬಹುದು. ಖುದ್ದಾಗಿ ವ್ಯಾಪಾರ ನಡೆಸುವ ಹಾಗಿಲ್ಲ. ಅಂದರೆ ಬರೆಯುವಷ್ಟು ಕಾಲ ಕರಿಕೋಟು ಇಟ್ಟುಕೊಳ್ಳಬಹುದು. ನಿರ್ಮಾಪಕನಾಗಿ ಹಣ ಹಾಕಿ, ಸಂಬಳ ಕೊಟ್ಟು, ಧಾರಾವಾಹಿ ನಡೆಸುವ ದಿನ ಸನದನ್ನು ಅಮಾನತಿನಲ್ಲಿಡಲು ಪರಿಷತ್ತಿಗೆ ಬರೆದುಕೊಡಬೇಕು. ಅಮಾನತು ಎಂದರೆ ರದ್ದಲ್ಲ, ಮರಳಿ ಬರುವ ಬಾಗಿಲು ತೆರೆದೇ ಇರುತ್ತದೆ. ಇದನ್ನು ಕೇಳಿದ ಮೇಲೆ ಅಕ್ಕನ ದನಿ ಸ್ವಲ್ಪ ತಗ್ಗಿತು.

ಇನ್ನೊಂದು ಕಟ್ಟು ಇದಕ್ಕಿಂತ ದೊಡ್ಡದು. ಕಕ್ಷಿಗಾರ ನಂಬಿ ಹೇಳಿದ ಗುಟ್ಟನ್ನು ವಕೀಲ ಹೊರಗೆಡಹುವ ಹಾಗಿಲ್ಲ, ವಕಾಲತ್ತು ಮುಗಿದ ಮೇಲೂ ಇಲ್ಲ. ನಾನು ಅಳಿಯನಿಗೆ ಖಂಡಿತವಾಗಿ ಹೇಳಿದ್ದು ಇದೊಂದನ್ನೇ. ತೊಟ್ಟೆಯಲ್ಲಿ ಕಾಗದ ಸುತ್ತಿಕೊಂಡು ನಿನ್ನ ಆಫೀಸಿನ ಮೆಟ್ಟಿಲು ಹತ್ತಿದವರ ಮನೆಯ ಜಗಳ ನಿನ್ನ ಎಪಿಸೋಡು ಆಗಬಾರದು. ಅವರ ನೋವಿನಿಂದ ಕಲಿ, ಕಥೆಯನ್ನು ನೀನೇ ಕಟ್ಟು.

ಕಟ್ಟಲು ವಸ್ತುವಿಗೆ ಬರಗಾಲವಿಲ್ಲ. ಪುತ್ತೂರು, ಸುಳ್ಯ, ಕಡಬ ಈ ಮೂರು ತಾಲೂಕುಗಳ ಮಣ್ಣಿನಲ್ಲಿ ಬೇರೆಲ್ಲೂ ಸಿಗದ ಕಥೆಗಳಿವೆ. ಹೆಣ್ಣಿನ ಕಡೆಯಿಂದ ಆಸ್ತಿ ಇಳಿಯುತ್ತಿದ್ದ ಅಳಿಯಸಂತಾನ ಕಟ್ಟು, ಪಟ್ಟೆಯ ವರ್ಗ ಜಾಗಕ್ಕೆ ತಾಗಿದ ಸರಕಾರಿ ಕುಮ್ಕಿಯ ತಗಾದೆ, ಕಾಯಂ ಒಕ್ಕಲಿನ ಮೂಲಗೇಣಿ, ವರ್ಷವರ್ಷದ ಚಾಲಗೇಣಿ. 1974ರ ಮಾರ್ಚ್ 1ರಿಂದ ಭೂಸುಧಾರಣೆಯ ತಿದ್ದುಪಡಿ ಜಾರಿಗೆ ಬಂದಾಗ ಒಕ್ಕಲುಗಳು ಡಿಕ್ಲರೇಶನ್ ಕೊಟ್ಟು ಭೂನ್ಯಾಯ ಮಂಡಳಿಯ ಎದುರು ಬಂದು ನಿಂತರು. ಅಲ್ಲಿ ವಕೀಲರಿಗೆ ಪ್ರವೇಶವಿರಲಿಲ್ಲ. ಆ ನಿರ್ಬಂಧವನ್ನು ಸುಪ್ರೀಂ ಕೋರ್ಟು ತೆಗೆದದ್ದು 1987ರಲ್ಲಿ. ಅಷ್ಟು ಕಾಲ ಧಣಿಯ ಎದುರು ತಲೆಯೆತ್ತಿ ಮಾತಾಡಿ ಅಭ್ಯಾಸವಿಲ್ಲದ ಒಕ್ಕಲು, ಅದೇ ಧಣಿಯ ಎದುರು, ತನ್ನದೇ ಬಾಯಲ್ಲಿ, 'ಈ ಗದ್ದೆ ಉತ್ತದ್ದು ನಾನು' ಎಂದು ಹೇಳಬೇಕಿತ್ತು. ಆ ಒಂದು ವಾಕ್ಯ ಬಾಯಿಂದ ಹೊರಡುವ ಮುಂಚಿನ ಕ್ಷಣವನ್ನು ಯಾರಾದರೂ ಚಿತ್ರಿಸಬೇಡವೇ? ಗೇಣಿ ಬಿಟ್ಟುಕೊಟ್ಟ ಸಣ್ಣ ಹಿಡುವಳಿದಾರರ ಮನೆಯ ಅಡುಗೆಕೋಣೆಯನ್ನೂ ಅದೇ ಕಥೆ ತೋರಿಸಬೇಕು. ಎರಡು ಕಡೆಯನ್ನೂ ಕೇಳಿದವನು ಮಾತ್ರ ಅದನ್ನು ಬರೆಯಬಲ್ಲ.

ಪುತ್ತೂರಿನ ಕಥೆ ಪರದೆಗೆ ಹೋಗದು ಎಂಬ ಅಂಜಿಕೆಯೂ ಬೇಡ. ಇಲ್ಲಿನ ಬೊಳುವಾರಿನ ಮಹಮದ್ ಕುಂಞಿಯವರು ಬ್ಯಾಂಕಿನಲ್ಲಿ ದುಡಿಯುತ್ತಲೇ ಮುತ್ತುಪ್ಪಾಡಿ ಎಂಬ ಊರನ್ನು ಕಥೆಗಳಲ್ಲಿ ಕಟ್ಟಿದರು. ಅವರ ಕಥೆಯೊಂದು 2000ದಲ್ಲಿ 'ಮುನ್ನುಡಿ' ಸಿನಿಮಾ ಆಯಿತು. ನಿರ್ದೇಶಿಸಿದವರು 'ಮಾಯಾಮೃಗ'ದ ಅದೇ ಪಿ. ಶೇಷಾದ್ರಿ. ಅದಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಕರಾವಳಿಯ ಊರಿನ ಮಾತು, ಬೆಂಗಳೂರಿನ ಕ್ಯಾಮರಾ ಎರಡೂ ಚೆನ್ನಾಗಿಯೇ ಹೊಂದಿಕೊಂಡವು.

ಕಷ್ಟ ಇಲ್ಲವೆಂದು ನಾನು ಹೇಳುವುದಿಲ್ಲ. ವಾರಕ್ಕೆ ಐದಾರು ಎಪಿಸೋಡು ಬೇಕು ಎನ್ನುವ ವಾಹಿನಿಗೆ ಬರೆಯುವವನಿಗೆ ಹಬ್ಬವೂ ಇಲ್ಲ, ಜ್ವರವೂ ಇಲ್ಲ. ಟಿಆರ್‌ಪಿ ಇಳಿದರೆ ಕಥೆ ಅರ್ಧದಲ್ಲೇ ನಿಲ್ಲುತ್ತದೆ, ನಿರ್ಮಾಪಕನ ಸಾಲ ನಿಲ್ಲುವುದಿಲ್ಲ. ಹೊಸಬನಿಗೆ ಮೊದಲ ವರ್ಷ ಕೈಗೆ ಕಾಸು ಬರುವುದು ಅಪರೂಪ. ಆ ಒಂದು ವರ್ಷವನ್ನು ದಾಟಿಸುವುದು ಮನೆಯವರ ಕೈಯಲ್ಲಿದೆ.

ಮೊನ್ನೆ ಅಕ್ಕ ಬಂದಿದ್ದಳು. ಈ ಸಲದ ಅಡಿಕೆಯಲ್ಲಿ ಒಂದು ಪಾಲು ಬೆಂಗಳೂರಿನ ಬಾಡಿಗೆಗೆ ಎಂದು ತೆಗೆದಿಟ್ಟಿದ್ದೇನೆ ಎಂದಳು. ನಿಮ್ಮ ಮನೆಯಲ್ಲೂ ಕರಿಕೋಟಿನ ಹುಡುಗನೋ ಹುಡುಗಿಯೋ ಹೀಗೆ ಬಂದು ಕೇಳಿದರೆ, ಓದು ದಂಡವಾಯಿತೆಂದು ಕೊರಗಬೇಡಿ. ಒಂದು ವರ್ಷದ ಬಾಡಿಗೆ ಕೊಟ್ಟು ಕಳುಹಿಸಿ.