ಶ್ರೀಪಾದದ ಗಂಟೆ

ತಾಳೆಗರಿಗಳು ಪರದೆಯ ಮೇಲೆ ಮೆಲ್ಲಗೆ ಸರಿಯುತ್ತಿವೆ. ಒಂದು ಗರಿ ಸರಿದರೆ ಹಿಂದೆ ಇನ್ನೊಂದು. ನೀವು ಕಾಡಿನೊಳಗೆ ಬಂದಾಗಿದೆ. ಅವಸರವಿಲ್ಲದ ಗಂಡು ದನಿಯೊಂದು ಸಿಲೋನ್ (ಇಂದಿನ ಶ್ರೀಲಂಕಾ) ದ್ವೀಪದ ಜನರ ನಡೆನುಡಿ ಹೇಳತೊಡಗುತ್ತದೆ. ಮಾತು 1681ರ ಪುಸ್ತಕದ್ದು, ಕ್ಯಾಂಡಿ ರಾಜ್ಯದಲ್ಲಿ 19 ವರ್ಷ ಸೆರೆಯಲ್ಲಿದ್ದ ಇಂಗ್ಲಿಷ್ ನಾವಿಕ ರಾಬರ್ಟ್ ನಾಕ್ಸ್ ಬರೆದದ್ದು. ಓದುತ್ತಿರುವವರು ಕೊಲಂಬೊದವರೇ ಆದ ಲಯನೆಲ್ ವೆಂಟ್. ಬೇಸಿಲ್ ರೈಟ್ 1934ರಲ್ಲಿ ತೆಗೆದ, ಸುಮಾರು 40 ನಿಮಿಷದ ‘ಸಾಂಗ್ ಆಫ್ ಸಿಲೋನ್’ ಇದು.

ಈಗ ಶ್ರೀಪಾದದ ಏರು. ಯಾತ್ರಿಕರ ಸಾಲಿನ ಹಿಂದೆ ನೀವೂ ಹತ್ತುತ್ತೀರಿ. 2,243 ಮೀಟರ್ ಎತ್ತರದ ಬೆಟ್ಟ. ದಣಿದವರು ಕೂತು ಉಸಿರು ತೆಗೆದುಕೊಳ್ಳುತ್ತಾರೆ, ಮತ್ತೆ ಏಳುತ್ತಾರೆ. ಢಣ್ ಎಂದು ಗಂಟೆ. ಅದರ ನಾದ ಇನ್ನೂ ಅಡಗಿಲ್ಲ, ನೀರಿನ ಮೇಲೆ ಹಕ್ಕಿಯೊಂದು ರೆಕ್ಕೆ ಬಿಚ್ಚುತ್ತದೆ. ಮತ್ತೆ ಗಂಟೆ, ಬೆಟ್ಟ, ಕಲ್ಲಿನ ಬುದ್ಧನ ಮುಖ. ಇಡೀ ದ್ವೀಪವೇ ಆ ಗಂಟೆಗೆ ಓಗೊಡುತ್ತಿದೆ ಎನಿಸಿ ಮೈ ಜುಮ್ಮೆನ್ನುತ್ತದೆ. ಅಲ್ಲಿ ಚಿತ್ರೀಕರಿಸಿದ್ದಕ್ಕೆ ದನಿ ಸೇರಿದ್ದು ಲಂಡನ್ನಿನಲ್ಲಿ, ಸಂಗೀತಗಾರ ವಾಲ್ಟರ್ ಲೀ ಕೈಯಲ್ಲಿ ಎಂದು ತಿಳಿದ ಮೇಲೂ ನನಗೆ ಆ ಜುಮ್ಮು ಕಡಿಮೆಯಾಗಿಲ್ಲ.

ಆಮೇಲೆ ಸದ್ದು ಬದಲಾಗುತ್ತದೆ. ರೈಲು. ಆನೆ ಮರವೊಂದನ್ನು ಒತ್ತಿ ಉರುಳಿಸುತ್ತದೆ. ಕಣ್ಣೆದುರು ಒಬ್ಬ ತೆಂಗಿನ ಮರ ಹತ್ತುತ್ತಿದ್ದಾನೆ. ಕಿವಿಯಲ್ಲಿ ಮಾರುಕಟ್ಟೆಯ ದರ, ವ್ಯಾಪಾರದ ಕಾಗದಗಳ ಒಕ್ಕಣೆ. ಅವನ ಬೆವರಿಗೆ ಬೆಲೆ ಕಟ್ಟುವವರು ಎಲ್ಲೋ ದೂರದಲ್ಲಿದ್ದಾರೆ ಎಂದು ಯಾರೂ ಬಾಯಿಬಿಟ್ಟು ಹೇಳಬೇಕಿಲ್ಲ. ಈ ಚಿತ್ರ ಮಾಡಿಸಿದ್ದು ಸಿಲೋನಿನ ಚಹಾ ಪ್ರಚಾರ ಮಂಡಳಿ! ಚಹಾ ಮಾರಲು ಬೇಕಾಗಿದ್ದ ಚಿತ್ರದಲ್ಲಿ ರೈಟ್ ಒಂದು ನಾಡನ್ನೇ ತುಂಬಿಬಿಟ್ಟರು. ಆದರೂ ಒಂದು ಕೊರತೆ ನನ್ನನ್ನು ಚುಚ್ಚುತ್ತದೆ. ಚಹಾದ ಕುಡಿ ಚಿವುಟುವ ಹೆಂಗಸರು ಕಾಣುತ್ತಾರೆ, ಅವರ ಮಾತು ಕೇಳಿಸುವುದಿಲ್ಲ. ತಮಿಳುನಾಡಿನ ಹಳ್ಳಿಗಳಿಂದ ಸಿಲೋನಿನ ತೋಟಗಳಿಗೆ ಬಂದ ಕುಟುಂಬಗಳ ಪಾಡು ಈ ಚಿತ್ರದೊಳಗೆ ಬರಲೇ ಇಲ್ಲ.

ಕೊನೆಗೆ ಪೊಲೊನ್ನರುವದ ಗಲ್ ವಿಹಾರ. ಬಂಡೆಯಲ್ಲಿ ಕಡೆದ ಬುದ್ಧನ ಮುಂದೆ ಒಬ್ಬನೇ ಒಬ್ಬ ಕಾಣಿಕೆ ಇಟ್ಟು ಕೈಮುಗಿಯುತ್ತಾನೆ. ದರ ಕೂಗುವ ದನಿಗಳು ಇಲ್ಲಿಗೆ ಮುಟ್ಟುವುದಿಲ್ಲ. ಕ್ಯಾಂಡಿಯ ನರ್ತಕರು ಒಡವೆ ತೊಟ್ಟು ಸಜ್ಜಾಗುತ್ತಾರೆ, ವಾದ್ಯ ಬಿರುಸಾಗುತ್ತದೆ, ಕಾಲುಗಳು ನೆಲ ಬಡಿಯುತ್ತವೆ. ಮತ್ತೆ ಅದೇ ಎಲೆಗಳ ಕತ್ತಲು.

1935ರಲ್ಲಿ ಬ್ರಸೆಲ್ಸ್ ಚಿತ್ರೋತ್ಸವ ಇದಕ್ಕೆ ಮೊದಲ ಬಹುಮಾನ ಕೊಟ್ಟಿತು. ಆಗಿನ್ನೂ ಬ್ರಿಟಿಷರ ಆಳ್ವಿಕೆಯಲ್ಲಿದ್ದ ಸಿಲೋನಿಗೆ ಸ್ವಾತಂತ್ರ್ಯ ಬಂದದ್ದು 1948ರ ಫೆಬ್ರುವರಿ 4ರಂದು.