ಮರಡಿಹಳ್ಳಿಯ ದಿಂಬು ಲಾವಾ ತರಗತಿಗೆ ಬಂದಾಗ

ಬೋಧನಾಭ್ಯಾಸಕ್ಕೆಂದು ನಾನು ಹೋದದ್ದು ಸಿದ್ದಾಪುರದ ಬಳಿಯ ಪ್ರೌಢಶಾಲೆಗೆ. ಘಟಕ ಅಗ್ನಿಶಿಲೆಗಳು. ಅಲ್ಲಿ ಬೋಧನೋಪಕರಣಕ್ಕೆ ಪರದಾಡಬೇಕಿಲ್ಲ. ಬ್ರಹ್ಮಗಿರಿಯ ಗ್ರಾನೈಟ್ ಬಂಡೆಗಳು ಕಣ್ಣೆದುರೇ ಇವೆ. ಆದರೆ ಅವು ನೆಲದಾಳದಲ್ಲಿ ನಿಧಾನವಾಗಿ ಆರಿದ ಶಿಲೆಗಳು. ಹೊರಗೆ ಉಕ್ಕಿದ ಲಾವಾಕ್ಕೂ ನಮ್ಮ ಜಿಲ್ಲೆಯದೇ ಉದಾಹರಣೆ ಬೇಕೆಂದು ಮರಡಿಹಳ್ಳಿಯನ್ನು ಆರಿಸಿಕೊಂಡೆ.

ಚಿತ್ರದುರ್ಗದ ಆಗ್ನೇಯಕ್ಕಿರುವ ಆ ಊರಿನ ದಿಂಬು ಲಾವಾ ಸುಮಾರು 250 ಕೋಟಿ ವರ್ಷ ಹಳೆಯದು. ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕ. ಅದು ಸಮುದ್ರದಡಿ ಹರಿದ ಲಾವಾ ಎಂದಾಗ ಹಿಂದಿನ ಬೆಂಚಿನ ಹುಡುಗಿ ಎದ್ದಳು: "ಸಾರ್, ನಮ್ ಕಡೆ ಕೆರೆಗೇ ನೀರಿಲ್ಲ. ಸಮುದ್ರ ಇತ್ತು ಅಂತ ನೋಡಿದೋರು ಯಾರು?"

ಪುಸ್ತಕದಲ್ಲಿದೆ ಎಂದು ಕೂರಿಸಿದರೆ ವಿಜ್ಞಾನದ ಪಾಠ ಅಲ್ಲಿಗೇ ಮುಗಿಯುತ್ತಿತ್ತು. ಗುಂಪುಗಳಿಗೆ ಫೋಟೊ ಹಂಚಿದೆ. ಲಾವಾ ನೀರು ಮುಟ್ಟಿದೊಡನೆ ಹೊರಪದರ ಗಟ್ಟಿಯಾಗುತ್ತದೆ. ಒಳಗಿನ ದ್ರವ ಒತ್ತಿ, ಸಿಪ್ಪೆ ಬಿರಿದು, ಇನ್ನೊಂದು ಉಂಡೆಯಾಗಿ ಹೊರಬರುತ್ತದೆ. ಹವಾಯಿಯಲ್ಲಿ ಲಾವಾ ಸಮುದ್ರಕ್ಕಿಳಿದು ಹೀಗೇ ದಿಂಬು ಕಟ್ಟುವುದನ್ನು ಮುಳುಗುಗಾರರು ಚಿತ್ರೀಕರಿಸಿದ್ದಾರೆ.

"ಬಿಸಿ ಮುದ್ದೆಗಳನ್ನು ಒಂದರ ಮೇಲೊಂದು ಪೇರಿಸಿದರೆ?" ಎಂದು ಕೇಳಿದೆ. "ಮೇಲೆ ಗುಂಡಗೇ ಇರ್ತೈತೆ, ತಳ ಸಂದಿಗೆ ಕೂರ್ತೈತೆ" ಎಂದರು. ತಲೆಕೆಳಗಾಗಿ ಕೊಟ್ಟ ಇನ್ನೊಂದು ಫೋಟೊವನ್ನು ಎಲ್ಲ ಗುಂಪುಗಳೂ ತಾವೇ ಸರಿಯಾಗಿ ತಿರುಗಿಸಿದವು. ಮಡಿಚಿಕೊಂಡ ಶಿಲಾಪದರಗಳಲ್ಲಿ ಮೊದಲು ಮೇಲಿದ್ದ ಬದಿ ಯಾವುದೆಂದು ತಿಳಿಯಲು ಭೂವಿಜ್ಞಾನಿಗಳು ನೋಡುವುದೂ ಇದೇ ಗುರುತನ್ನು.

250 ಕೋಟಿ ಎಂಬ ಅಂಕಿಗೆ ಊರಿನ ಅಶೋಕನ ಶಾಸನ ನೆರವಾಯಿತು. 1892ರಲ್ಲಿ ಬಿ. ಎಲ್. ರೈಸ್ ಬೆಳಕಿಗೆ ತಂದ ಆ ಶಾಸನಕ್ಕೆ ಸುಮಾರು 2,300 ವರ್ಷ. ಅದನ್ನು ಸ್ಕೇಲಿನ ಒಂದು ಮಿಲಿಮೀಟರ್ ಎಂದುಕೊಂಡರೆ, ಮರಡಿಹಳ್ಳಿಯ ಲಾವಾಕ್ಕೆ ಒಂದು ಕಿಲೋಮೀಟರಿಗೂ ಮಿಗಿಲಾದ ದಾರಿ ನಡೆಯಬೇಕು. ಮಕ್ಕಳು ಸ್ಕೇಲನ್ನೂ ರಸ್ತೆಯನ್ನೂ ನೋಡಿ ಸುಮ್ಮನಾದರು.

ಮೌಲ್ಯಮಾಪನಕ್ಕೆ ಒಂದೇ ಪ್ರಶ್ನೆ: ಬ್ರಹ್ಮಗಿರಿಯ ಬಂಡೆಯೂ ನೀರಿನಡಿ ಆರಿದ ಲಾವಾವೇ? ಅದೇ ಹುಡುಗಿ ಬರೆದಳು: "ಅಲ್ಲ. ಇದರ ಹರಳುಗಳು ದೊಡ್ಡವು, ಬರಿಗಣ್ಣಿಗೆ ಕಾಣುತ್ತವೆ. ನಿಧಾನವಾಗಿ ತಣ್ಣಗಾಗಿದೆ."

ಯಾರೂ ನೋಡದ ಘಟನೆಗೆ ಅವಳು ಕಲ್ಲನ್ನೇ ಸಾಕ್ಷಿಗೆ ಕರೆದಿದ್ದಳು. ನನ್ನ ಮುಂದಿನ ಪಾಠಯೋಜನೆಯಲ್ಲಿ ಕಲ್ಲಿನ ಆಕಾರ ಮೊದಲು, ವಯಸ್ಸಿನ ಅಂಕಿ ಕೊನೆಗೆ.